ಚಿಕ್ಕತಾಯಮ್ಮ ಆಡಿದ ಮಾತು

ಮೂವತ್ತೇಳನೆಯ ವಯಸ್ಸಿಗೆ ನಿವೃತ್ತಳಾದೆ ಎಂದರೆ ಕೇಳಿದವರು ನಗುತ್ತಾರೆ. ನನ್ನ ಅಣ್ಣ ಅದನ್ನು ನಿವೃತ್ತಿ ಎನ್ನುವುದೇ ಇಲ್ಲ, ‘ಸಿನಿಮಾ ಬಿಟ್ಟಳು’ ಎನ್ನುತ್ತಾನೆ. ಪದ ಯಾವುದಾದರೂ ಆಗಲಿ, ಹದಿನಾಲ್ಕು ವರ್ಷ ಮಾಡಿದ ಕೆಲಸವನ್ನು ನಾನು ಇನ್ನು ಮಾಡುವುದಿಲ್ಲ.

ಕಳೆದ ತಿಂಗಳು ಸಿನಿಮಾ ಕೆಲಸಕ್ಕೆ ಸೇರಬೇಕೆಂದಿರುವ ಇಬ್ಬರು ಹುಡುಗಿಯರು ಮನೆಗೆ ಬಂದಿದ್ದರು. ಕ್ಯಾಮೆರಾದ ಬಗ್ಗೆ, ನಟರಿಂದ ಕೆಲಸ ತೆಗೆಯುವುದರ ಬಗ್ಗೆ, ಹೆಂಗಸಾಗಿ ಇಪ್ಪತ್ತು ಗಂಡಸರ ತಂಡವನ್ನು ನಡೆಸುವುದರ ಬಗ್ಗೆ ಕೇಳಿದರು. ಎಲ್ಲಕ್ಕೂ ಉತ್ತರ ಕೊಟ್ಟೆ. ಅವರು ಬಸ್ಸು ಹತ್ತಿದ ಮೇಲೆ, ಹೇಳಬೇಕಾದ ಒಂದನ್ನು ಬಿಟ್ಟು ಮಿಕ್ಕಿದ್ದೆಲ್ಲ ಹೇಳಿದೆ ಅನ್ನಿಸಿತು. ಆ ಒಂದನ್ನು ಇಲ್ಲಿ ಬರೆಯುತ್ತಿದ್ದೇನೆ. ಅದಕ್ಕೆ ಬರುವ ಮೊದಲು ನಾನು ಕೆಲಸ ಕಲಿತ ಬಗೆಯನ್ನು ಸ್ವಲ್ಪ ಹೇಳಬೇಕು.

ನಾನು ನಿರ್ದೇಶಿಸಿದ ಚಿತ್ರಗಳು ಮೂರೇ. ಮೂರರಲ್ಲೂ ಹೊಡೆದಾಟವಿಲ್ಲ, ಕುಣಿತವಿಲ್ಲ. ಎರಡು ಮೂರು ಜನ, ಒಂದು ಮನೆ, ಅವರ ನಡುವೆ ಆಡದೆ ಉಳಿದ ಯಾವುದೋ ಮಾತು. ಇಂಥ ಚಿತ್ರಗಳನ್ನು ಮಾಡುವುದನ್ನು ನನಗೆ ಕಲಿಸಿದವರು ಒಬ್ಬ ಹಿರಿಯ ನಿರ್ದೇಶಕರು. ತಂಡದವರೆಲ್ಲ ಅವರನ್ನು ಮೇಷ್ಟ್ರು ಎನ್ನುತ್ತಿದ್ದರು. ತೊಂಬತ್ತರ ದಶಕದ ಆರಂಭದಲ್ಲಿ ಮೈಸೂರಿನಲ್ಲಿ ಎಂ.ಎ. ಮುಗಿಸಿ ಅವರ ಬಳಿ ಸಹಾಯಕಿಯಾಗಿ ಸೇರಿದೆ. ನನ್ನ ತಾಯಿಯ ತವರು ಹುಣಸೂರಿನ ಕಡೆ. ಮೇಷ್ಟ್ರ ಚಿತ್ರಗಳು ನಡೆಯುತ್ತಿದ್ದದ್ದೂ ಆ ಸುತ್ತಿನ ಹಳ್ಳಿಗಳಲ್ಲೇ. ನನ್ನನ್ನು ಸೇರಿಸಿಕೊಂಡದ್ದಕ್ಕೆ ಅದೂ ಒಂದು ಕಾರಣವಿರಬೇಕು.

ಮೇಷ್ಟ್ರು ಅತ್ತೆ ಸೊಸೆಯರ ಒಂದು ದೃಶ್ಯ ಬರೆಯಬೇಕಿದ್ದರೆ ಮೊದಲು ಯಾರದಾದರೂ ಮನೆಯ ಜಗಲಿಯಲ್ಲಿ ಕೂತು ಹೆಂಗಸರ ಜೊತೆ ಅವರೆಕಾಯಿ ಸುಲಿಯುತ್ತಿದ್ದರು. ಹುಣಸೂರಿನ ಒಂದು ಮನೆಯಲ್ಲಿ ಹಾಗೆ ಮೂರು ದಿನ ಸುಲಿದರು. ಕೊನೆಗೆ ಬರೆದದ್ದು ನಾಲ್ಕು ಸಾಲು. ಅದರಲ್ಲಿ ಎರಡನ್ನು ಚಿತ್ರೀಕರಣದ ದಿನ ಹೊಡೆದುಹಾಕಿದರು. ಆ ಮನೆಯ ಅಜ್ಜಿ ನನ್ನನ್ನು ಪಕ್ಕಕ್ಕೆ ಕರೆದು, “ಪಾಪ, ಓದ್ದೋರಂಗೆ ಕಾಣ್ತಾರೆ. ಬ್ಯಾರೆ ಕೆಲ್ಸ ಸಿಗ್ನಿಲ್ವಾ ಅವ್ರ್ಗೆ?” ಎಂದು ಕೇಳಿದ್ದರು.

ನನ್ನ ಕೆಲಸಕ್ಕೆ ಕಂಟಿನ್ಯುಟಿ ಎನ್ನುತ್ತಾರೆ. ಒಂದೇ ದೃಶ್ಯವನ್ನು ಬೇರೆ ಬೇರೆ ದಿನ ತುಂಡು ತುಂಡಾಗಿ ತೆಗೆಯುವುದರಿಂದ ಸೀರೆಯ ಸೆರಗು, ಒಲೆಯ ಉರಿ, ಗಡಿಯಾರದ ಮುಳ್ಳು ಎಲ್ಲವೂ ಹಿಂದಿನ ತುಂಡಿನಲ್ಲಿ ಇದ್ದಂತೆಯೇ ಇವೆಯೇ ಎಂದು ನೋಡಿಕೊಳ್ಳುವ ಕೆಲಸ. ಮೊದಲ ಚಿತ್ರದಲ್ಲೇ ಎಡವಿದೆ. ಕೆ.ಆರ್. ನಗರದ ನಾಲೆಬಯಲಿನ ಒಂದು ಹಳ್ಳಿಯಲ್ಲಿ ಊಟದ ದೃಶ್ಯ. ಅರ್ಧವನ್ನು ಸೋಮವಾರ ತೆಗೆದು, ಮಿಕ್ಕರ್ಧವನ್ನು ನಾಲ್ಕು ದಿನ ಬಿಟ್ಟು ತೆಗೆದೆವು. ಮನೆಯ ಯಜಮಾನರು ಬಾಗಿಲಲ್ಲಿ ನಿಂತು ಎಲ್ಲವನ್ನೂ ನೋಡಿ, ನಮ್ಮ ಕೆಲಸ ಮುಗಿದು ದೀಪಗಳನ್ನು ಇಳಿಸುವಾಗ ನನ್ನ ಹತ್ತಿರ ಬಂದರು.

“ಮೇಡಂ, ಒಂದ್ ಮಾತು ಕೇಳ್ಲಾ? ಅವತ್ತು ಆಯಮ್ಮ ಅರ್ಧ ಮುದ್ದೆ ನುಂಗಿತ್ತಲ್ಲ, ಇವತ್ತು ತಿರ್ಗ ಇಡೀ ಮುದ್ದೆ ಅದೆ. ನಿಮ್ ಸಿನ್ಮಾದಲ್ಲಿ ಮುದ್ದೆ ಬೆಳೀತದಾ?”

ಮೇಷ್ಟ್ರು ಬೈಯಲಿಲ್ಲ. ದೀಪಗಳನ್ನು ಮತ್ತೆ ಏರಿಸಿದರು. ಮರುದಿನ ಒಂದು ಉದ್ದನೆಯ ನೋಟ್‌ಬುಕ್ ತಂದುಕೊಟ್ಟು, “ಇದರಲ್ಲಿ ತಟ್ಟೆ ಬರೆದುಕೋ, ಸೆರಗು ಬರೆದುಕೋ. ಮಾತನ್ನೂ ಬರೆದುಕೋ. ನಾನು ಬರೆದುಕೊಟ್ಟ ಮಾತಲ್ಲ, ಅವರು ಆಡಿದ ಮಾತು,” ಎಂದರು.

ಅಂದಿನಿಂದ ಪುಟದ ನಡುವೆ ಉದ್ದಕ್ಕೆ ಒಂದು ಗೆರೆ ಎಳೆದು, ಎಡಗಡೆ ಮಾತಾಡಿದವರದ್ದು, ಬಲಗಡೆ ಉತ್ತರ ಕೊಟ್ಟವರದ್ದು ಬರೆಯುತ್ತಾ ಬಂದೆ. ನಾನೇ ನಿರ್ದೇಶಕಿಯಾದ ಮೇಲೂ ಈ ಕೆಲಸವನ್ನು ಬೇರೆಯವರಿಗೆ ಬಿಡಲಿಲ್ಲ. ಅಂಥ ಹನ್ನೊಂದು ನೋಟ್‌ಬುಕ್‌ಗಳು ನನ್ನ ಬಳಿ ಇವೆ. ಚಿತ್ರಗಳ ಪ್ರತಿ ನನ್ನ ಬಳಿ ಇಲ್ಲ.

ಆಡಿದ ಮಾತನ್ನು ಬರೆದುಕೊಳ್ಳಲು ಇನ್ನೊಂದು ಕಾರಣವೂ ಇತ್ತು. ಈಗ ಚಿತ್ರೀಕರಣದ ಜಾಗದಲ್ಲೇ ದನಿಯನ್ನು ಚೆನ್ನಾಗಿ ಹಿಡಿಯುತ್ತಾರೆ. ಆಗ ನಮ್ಮ ಕ್ಯಾಮೆರಾ ಹೊಲಿಗೆ ಯಂತ್ರದಂತೆ ಸದ್ದು ಮಾಡುತ್ತಿತ್ತು. ಅಲ್ಲಿ ಟೇಪಿನಲ್ಲಿ ಹಿಡಿದ ದನಿ ಗುರುತಿಗಷ್ಟೇ. ಮೂರು ನಾಲ್ಕು ತಿಂಗಳ ಮೇಲೆ ಬೆಂಗಳೂರಿನ ಸ್ಟುಡಿಯೋದ ಕತ್ತಲೆ ಕೋಣೆಯಲ್ಲಿ ನಟರು ಪರದೆಯ ಮೇಲಿನ ತಮ್ಮ ತುಟಿ ನೋಡಿಕೊಂಡು ಮಾತನ್ನು ಮತ್ತೊಮ್ಮೆ ಆಡುತ್ತಿದ್ದರು. ಬರಲಾಗದವರ ತುಟಿಗೆ ಆ ಕೆಲಸದಲ್ಲೇ ಪಳಗಿದ ಬೇರೆಯವರು ದನಿ ಕೊಡುತ್ತಿದ್ದರು. ಪ್ರೇಕ್ಷಕರಿಗೆ ಗೊತ್ತಾಗುತ್ತಿರಲಿಲ್ಲ. ನಾವೂ ಅದನ್ನು ತಪ್ಪು ಎಂದುಕೊಂಡಿರಲಿಲ್ಲ.

ಐದನೆಯ ವರ್ಷ ನನ್ನದೇ ಚಿತ್ರ ಮಾಡುವ ಅವಕಾಶ ಬಂತು. ನಾನು ಬರೆದುಕೊಂಡ ಕಥೆಯಲ್ಲಿ ಇಬ್ಬರು ವಯಸ್ಸಾದ ಅಕ್ಕತಂಗಿಯರು. ಒಂದು ಮದುವೆಯ ಮನಸ್ತಾಪದಿಂದ ಮಾತು ಬಿಟ್ಟಿರುತ್ತಾರೆ. ಕೊನೆಯಲ್ಲಿ ತಂಗಿ ಅಕ್ಕನ ಬಾಗಿಲಿಗೆ ಬರುತ್ತಾಳೆ. ಅಕ್ಕನ ಪಾತ್ರಕ್ಕೆ ಮೈಸೂರಿನ ಒಬ್ಬ ಅನುಭವಿ ರಂಗನಟಿ ಒಪ್ಪಿದ್ದರು. ತಂಗಿಯ ಪಾತ್ರಕ್ಕೆ ನಟಿ ಬೇಡ, ಹಳ್ಳಿಯ ಹೆಂಗಸೇ ಬೇಕು ಎಂದು ಹಟ ಹಿಡಿದು ಪಿರಿಯಾಪಟ್ಟಣ ತಾಲೂಕಿನಲ್ಲಿ ಹುಡುಕುತ್ತಾ ಹೊರಟೆ.

ರಾವಂದೂರಿನ ಹತ್ತಿರದ ಒಂದು ಹಳ್ಳಿಯಲ್ಲಿ ಚಿಕ್ಕತಾಯಮ್ಮ ಸಿಕ್ಕರು. ಐವತ್ತೈದರ ಆಸುಪಾಸಿನ ವಯಸ್ಸು. ಹರಾಜಿಗೆ ಹೋಗಬೇಕಿದ್ದ ಹೊಗೆಸೊಪ್ಪನ್ನು ಬಣ್ಣ ನೋಡಿ ಬೇರೆ ಬೇರೆ ಮಾಡುತ್ತಾ ನಾಲ್ಕೈದು ಹೆಂಗಸರ ಜೊತೆ ಕೂತಿದ್ದರು. ನಾನೂ ಮೇಷ್ಟ್ರಂತೆ ಪಕ್ಕದಲ್ಲಿ ಕೂತು ಎಲೆ ಎತ್ತಿಕೊಟ್ಟೆ. ಅರ್ಧ ಗಂಟೆ ಸುಮ್ಮನೆ ನೋಡಿದವರು, “ಏನವ್ವ, ಒಂದೆಲೆ ಎತ್ತೋದು ಒಂದ್ಸಾಲು ಬರ್ಕೊಳದು. ನೀನು ಪೋಲೀಸ್ನೋಳಾ, ಗಣತಿಯೋಳಾ?” ಎಂದರು. ಉಳಿದವರು ನಕ್ಕರು. ಅವರ ದನಿ ಕೆಳಮಟ್ಟದ್ದು, ಸ್ವಲ್ಪ ಒರಟು. ವಾಕ್ಯದ ಕೊನೆಯ ಪದವನ್ನು ನುಂಗಿದಂತೆ ಆಡುತ್ತಿದ್ದರು. ಅದನ್ನೂ ಬರೆದುಕೊಂಡೆ.

ಎರಡನೆಯ ಸಲ ಹೋದಾಗ ಕಥೆ ಹೇಳಿದೆ. ಅವರ ಕೈ ನಿಂತಿತು.

“ನಮ್ಮನೆ ವಿಸ್ಯ ನಿಮ್ಗ್ಯಾರ್ ಯೋಳುದ್ರು?”

“ಯಾರೂ ಹೇಳಿಲ್ಲ. ನಾನೇ ಬರೆದದ್ದು.”

“ಅಂಗಾರೆ ಎಲ್ಲಾರ್ ಮನೇಲೂ ಇದೇಯ,” ಎಂದು ಮತ್ತೆ ಎಲೆ ಎತ್ತಿಕೊಂಡರು.

ಅವರ ಅಕ್ಕ ದೊಡ್ಡತಾಯಮ್ಮನನ್ನು ಎಚ್.ಡಿ. ಕೋಟೆಯ ಆಚೆ, ಅಂತರಸಂತೆ ಕಡೆಗೆ ಮದುವೆ ಮಾಡಿ ಕೊಟ್ಟಿದ್ದರು. ಅವರ ತಾಯಿ ಇರುತ್ತಿದ್ದದ್ದು ತಂಗಿಯ ಮನೆಯಲ್ಲಿ. ಒಂದು ವರ್ಷ ಮಳೆಗಾಲದಲ್ಲಿ ಬ್ಯಾರನ್ ತುಂಬಿ ಬೆಂಕಿ ಹಾಕಿದ್ದಾಗ ತಾಯಿಗೆ ಕಾಯಿಲೆ ಜೋರಾಯಿತು. ಬ್ಯಾರನ್ ಎಂದರೆ ಹಸಿ ಹೊಗೆಸೊಪ್ಪನ್ನು ಕೋಲುಗಳಿಗೆ ಕಟ್ಟಿ ನೇತುಹಾಕಿ ಬೇಯಿಸುವ ಎತ್ತರದ ಮನೆ. ಒಮ್ಮೆ ಬೆಂಕಿ ಹಾಕಿದರೆ ಐದಾರು ದಿನ ಶಾಖ ಏರಿಸುತ್ತಾ ಕಾಯಬೇಕು. ನಡುವೆ ಕೈಬಿಟ್ಟರೆ ಸೊಪ್ಪು ಕಪ್ಪಾಗುತ್ತದೆ, ಆ ವರ್ಷದ ದುಡಿಮೆ ಹೋಗುತ್ತದೆ. ಅಕ್ಕನಿಗೆ ಹೇಳಿಕಳಿಸಲು ಮನೆಯಿಂದ ಒಬ್ಬರು ಕೋಟೆಯ ಬಸ್ಸು ಹತ್ತಬೇಕು. ಯಾರನ್ನೂ ಬಿಡುವಂತಿರಲಿಲ್ಲ.

“ಇಳ್ಸೋಗಂಟ ತಡೀತಳೆ ಅಂದ್ಕಂಡೆ,” ಎಂದರು ಚಿಕ್ಕತಾಯಮ್ಮ. “ತಡೀನಿಲ್ಲ. ಮಳೆ ಇಡ್ಕಂಡಿತ್ತು, ಕಾಯಕ್ಕಾಗ್ನಿಲ್ಲ, ಮಣ್ಣು ಮಾಡ್ಬುಟ್ವಿ. ಅಕ್ಕ ಬಂದಾಗ ಎಲ್ಲಾ ಮುಗ್ದಿತ್ತು. ‘ನಿಂಗೆ ಅವ್ವಂಗಿಂತ ಸೊಪ್ಪು ಎಚ್ಚಾಯ್ತಲ್ಲಮ್ಮಿ’ ಅಂದ್ಲು. ಅದೇ ಕಡೆ ಮಾತು. ಒಂಬತ್ತೊರ್ಸ ಆಯ್ತು.”

ಮಾತು ಬಿಟ್ಟರೂ ಹೋಗಿಬರುವುದು ನಿಂತಿರಲಿಲ್ಲ. ಅದು ಆ ಕಡೆಯ ರೀತಿ. ಮನೆಗೆ ಬಂದವರಿಗೆ ಚೆಂಬಿನಲ್ಲಿ ನೀರು ಕೊಡುತ್ತಾರೆ, ಊಟಕ್ಕೆ ಇಕ್ಕುತ್ತಾರೆ. ಮಾತು ಮಾತ್ರ ನೇರವಾಗಿ ಆಡುವುದಿಲ್ಲ, ಮೂರನೆಯವರ ಮೂಲಕ ಆಡುತ್ತಾರೆ.

“ಮೊಮ್ಮಗಿಗೆ ಯೋಳ್ತಳೆ, ‘ನಿಮ್ ಚಿಕ್ಕಜ್ಜಿಗೆ ಯೋಳವ್ವ, ಬಸ್ಸಿಗೊತ್ತಾಯ್ತು’ ಅಂತ. ಆ ಮಗು ಇಲ್ದಿದ್ರೆ ಗ್ವಾಡೆಗೆ ಯೋಳ್ತಳೆ. ಅವ್ವನ್ ವಿಸ್ಯಕ್ಕೆ ನಾನು ಬಾಯ್ ಬುಟ್ರೆ ಸಾಕು, ಎದ್ದು ಕೊಟ್ಟಿಗೆಗೆ ಓಯ್ತಳೆ. ಒಂದಪನೂ ಕೂತು ಕೇಳಿಲ್ಲ.” ಆಮೇಲೆ ಕೇಳಿದರು: “ಮೇಡಂ, ನನ್ ದನಿ ಬತ್ತದಾ ಸಿನ್ಮಾದಲ್ಲಿ?”

“ಬರುತ್ತದೆ,” ಎಂದೆ.

“ಅಂಗಾರೆ ಮಾಡ್ತೀನಿ. ಟಾಕೀಸ್ನಲ್ಲಿ ಎದ್ದು ಕೊಟ್ಟಿಗೆಗೆ ಓಗಕ್ಕಾಗಲ್ಲ. ಕೂತು ಕೇಳ್ಬೇಕು.”

ಅವರು ಚಿತ್ರದಲ್ಲಿ ಮಾಡಲು ಒಪ್ಪಿದ್ದು ಈ ಒಂದು ಕಾರಣಕ್ಕೆ. ಅದು ನನಗೆ ಮೊದಲ ದಿನದಿಂದ ಗೊತ್ತಿತ್ತು. ಗೊತ್ತಿರಲಿಲ್ಲ ಎಂದು ಹೇಳಿಕೊಳ್ಳುವಂತಿಲ್ಲ.

ಏಪ್ರಿಲ್‌ನಲ್ಲಿ ಚಿತ್ರೀಕರಣ ಮಾಡಿದೆವು. ಹೊಸಬರ ಜೊತೆ ಕೆಲಸ ಮಾಡುವಾಗ ಕಷ್ಟದ ದೃಶ್ಯವನ್ನು ಕೊನೆಗೆ ಇಟ್ಟುಕೊಳ್ಳಬೇಕು. ಬಾಗಿಲ ದೃಶ್ಯ ಕೊನೆಯ ದಿನಕ್ಕೆ ಬಂತು. ನಾನು ಬರೆದುಕೊಟ್ಟದ್ದು, “ಅಕ್ಕ, ತಪ್ಪಾಯ್ತು. ಒಳಗೆ ಬರ್ಲಾ?” ಎಂಬ ಎರಡು ಮಾತು. ಮೊದಲ ಟೇಕಿನಲ್ಲಿ ಅದನ್ನೇ ಆಡಿದರು. ಚಪ್ಪಟೆಯಾಗಿತ್ತು. ಇನ್ನೊಮ್ಮೆ ಎಂದೆ. ಎರಡನೆಯದರಲ್ಲಿ ಬಾಗಿಲ ಚೌಕಟ್ಟನ್ನು ಹಿಡಿದುಕೊಂಡು, ಎದುರಿಗಿದ್ದ ನಟಿಯ ಮುಖವನ್ನು ನೋಡದೆ ಹೊಸ್ತಿಲನ್ನು ನೋಡುತ್ತಾ ಹೀಗೆ ಹೇಳಿದರು. ನೋಟ್‌ಬುಕ್ಕಿನಲ್ಲಿ ಇರುವಂತೆಯೇ ಬರೆಯುತ್ತಿದ್ದೇನೆ:

“ಅಕ್ಕಾ, ಅವ್ವ ನಿನ್ನೆಸ್ರನ್ನೇ ಕರೀತಿದ್ಲು ಕಣಕ್ಕ. ಬತ್ತಾವ್ಳೆ ಬತ್ತಾವ್ಳೆ ಅಂತಿದ್ದೆ. ನಾನು ಯೋಳೇ ಕಳ್ಸಿರ್ನಿಲ್ಲ. ಸುಳ್ ಯೋಳ್ದೆ ಕಣಕ್ಕ.”

ಅನುಭವಿ ನಟಿ ಮುಖ ತಿರುಗಿಸಿಬಿಟ್ಟರು. ಕ್ಯಾಮೆರಾ ಓಡುತ್ತಲೇ ಇತ್ತು. ನಾನು ಎಡಗಡೆ ಅವರ ಮಾತನ್ನು ಬರೆದು ಬಲಗಡೆಯನ್ನು ಖಾಲಿ ಬಿಟ್ಟೆ. ಒಬ್ಬ ನಿರ್ದೇಶಕಿಗೆ ಇಂಥ ಟೇಕ್ ಇಡೀ ವೃತ್ತಿಯಲ್ಲಿ ಒಂದೋ ಎರಡೋ ಸಿಗುತ್ತದೆ. ನನಗೆ ಆ ಹೊತ್ತಿಗೆ ತಲೆಯಲ್ಲಿದ್ದದ್ದು ಅದು ಮಾತ್ರ. ಚಿಕ್ಕತಾಯಮ್ಮ ಸೆರಗಿನಿಂದ ಮುಖ ಒರೆಸಿಕೊಂಡು ಹತ್ತಿರ ಬಂದು, “ಬಂತಾ ಮೇಡಂ?” ಎಂದರು. ಬಂತು ಎಂದೆ.

ಆಗಸ್ಟ್‌ನಲ್ಲಿ ಸ್ಟುಡಿಯೋದ ಕೆಲಸ. ಚಿಕ್ಕತಾಯಮ್ಮನೇ ಬಂದು ತಮ್ಮ ಮಾತನ್ನು ಆಡುವುದೆಂದು ಮೊದಲೇ ಗೊತ್ತುಮಾಡಿದ್ದೆ. ಎರಡು ದಿನ ಮುಂಚೆ ಅವರ ಮಗ ರಾವಂದೂರಿನ ಎಸ್.ಟಿ.ಡಿ. ಬೂತಿನಿಂದ ಫೋನ್ ಮಾಡಿದ.

“ಮೇಡಂ, ಬ್ಯಾರನ್‌ಗೆ ಬೆಂಕಿ ಆಕಿದ್ದೀವಿ. ಇಳ್ಸ್‌ಬುಟ್ಟು ಬತ್ತೀನಿ, ಆರು ದಿನ ತಡೀರಿ ಅಂತ ಅವ್ವ ಯೋಳೈತೆ. ತಡೀತಾರೆ ತಾನೇ ಅಂತ ಎರಡ್ಸಲ ಕೇಳ್ತು.”

ನೋಡುತ್ತೇನೆ ಎಂದೆ. ಸ್ಟುಡಿಯೋದಲ್ಲಿ ಕೇಳಿದೆ. ನಮ್ಮ ದಿನಗಳಾದ ಮೇಲೆ ಬೇರೆ ಚಿತ್ರದವರ ದಿನಗಳು. ಬಿಟ್ಟುಕೊಟ್ಟರೆ ಮತ್ತೆ ಒಂದು ತಿಂಗಳ ಮೇಲೆ. ನಿರ್ಮಾಪಕರು ನಿರ್ಧಾರವನ್ನು ನನಗೇ ಬಿಟ್ಟರು. ಒಂದು ತಿಂಗಳು ತಡವಾದರೆ ಏನಾಗುತ್ತಿತ್ತು ಎಂದು ಈಗ ಯೋಚಿಸಿದರೆ ಏನೂ ಆಗುತ್ತಿರಲಿಲ್ಲ. ಚಿತ್ರ ಒಂದು ತಿಂಗಳು ತಡವಾಗುತ್ತಿತ್ತು. ಅಂದು ಅದು ನನಗೆ ಸಾಧ್ಯವೇ ಇಲ್ಲವೆಂದು ಕಂಡಿತು. ಮೊದಲ ಚಿತ್ರ. ಕೈಬಿಟ್ಟರೆ ಕೆಟ್ಟುಹೋಗುತ್ತದೆ ಎಂಬ ಭಯ. ದನಿ ಕೊಡುವ ಒಬ್ಬ ಕಲಾವಿದೆಯನ್ನು ಕರೆಸಿದೆ.

ಇನ್ನೊಂದು ತೊಡಕಿತ್ತು. ಚಿಕ್ಕತಾಯಮ್ಮ ಆಡಿದ ಮಾತು ನನ್ನ ಕಥೆಗೆ ಹೊಂದುತ್ತಿರಲಿಲ್ಲ. ನನ್ನ ಕಥೆಯಲ್ಲಿ ಸಾಯುವ ತಾಯಿಯೇ ಇಲ್ಲ. ಆ ಮುಖ ಬೇಕು, ಆ ಮಾತು ಬೇಡ. ಆ ದಿನ ಬೆಳಿಗ್ಗೆಯಿಂದ ಮಧ್ಯಾಹ್ನದವರೆಗೆ ಕೂತು, ಅವರ ತುಟಿ ಎಲ್ಲಿ ಮುಚ್ಚುತ್ತದೆ ಎಲ್ಲಿ ತೆರೆಯುತ್ತದೆ ನೋಡಿ, ಅದಕ್ಕೆ ಸರಿಯಾಗಿ ಬೇರೆ ಮಾತು ಬರೆದೆ: “ಅಕ್ಕಾ, ಅವತ್ತಿಂದ ನಿನ್ನ ಹೆಸರನ್ನೇ ನೆನೀತಿದ್ದೆ ಅಕ್ಕ. ಬರ್ತೀನಿ ಬರ್ತೀನಿ ಅಂತಿದ್ದೆ. ಬರೋದಕ್ಕೇ ಆಗ್ಲಿಲ್ಲ. ಸೋತುಹೋದೆ ಅಕ್ಕ.” ಕಲಾವಿದೆ ಒಂದೇ ಸಲಕ್ಕೆ ಹೇಳಿದರು. ಸಣ್ಣ, ಸ್ಪಷ್ಟವಾದ, ಕಣ್ಣೀರು ತುಂಬಿದ ದನಿ. ತುಟಿಗೆ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಕೂತಿತು. ಸ್ಟುಡಿಯೋದವರು ಚಪ್ಪಾಳೆ ತಟ್ಟಿದರು. ನನಗೆ ನನ್ನ ಜಾಣತನದ ಬಗ್ಗೆ ಹೆಮ್ಮೆಯಾಯಿತು.

ಮೊದಲ ಪ್ರತಿಯನ್ನು ಮೇಷ್ಟ್ರಿಗೆ ತೋರಿಸಿದೆ. ಮುಗಿದ ಮೇಲೆ, “ಚೆನ್ನಾಗಿದೆ,” ಎಂದರು. ಆಮೇಲೆ, “ಬಾಗಿಲಲ್ಲಿ ಆ ಹೆಂಗಸು ನಿಜವಾಗಿ ಏನು ಹೇಳಿದಳು?” ಎಂದು ಕೇಳಿದರು.

“ಅದು ಕಥೆಗೆ ಸಂಬಂಧಪಟ್ಟದ್ದಲ್ಲ ಮೇಷ್ಟ್ರೇ.”

ಅವರು ಕಾಫಿ ತರಿಸಿದರು. ಅವರು ಬೈದಿದ್ದರೆ ಏನಾಗುತ್ತಿತ್ತೋ. ಬೈಯುವವರ ಕೈಕೆಳಗೆ ಕೆಲಸ ಮಾಡಿದವರಿಗೆ ಒಂದು ಅನುಕೂಲವಿದೆ, ತಪ್ಪು ಯಾವುದೆಂದು ಅಲ್ಲೇ ತಿಳಿಯುತ್ತದೆ. ಚಿತ್ರೀಕರಣದ ಜಾಗದಲ್ಲಿ ಚಿಕ್ಕತಾಯಮ್ಮನ ದನಿಯನ್ನು ಹಿಡಿದ ಟೇಪು ಆ ಹೊತ್ತಿಗೆ ಇನ್ನೂ ಸ್ಟುಡಿಯೋದಲ್ಲೇ ಇತ್ತು. ಟೇಪುಗಳನ್ನು ಅಳಿಸಿ ಮುಂದಿನ ಚಿತ್ರಕ್ಕೆ ಬಳಸುವುದು ರೂಢಿ. ಅದನ್ನು ತೆಗೆದಿಡಿ ಎಂದು ನಾನು ಹೇಳಲಿಲ್ಲ.

ಮುಂದಿನ ವರ್ಷ ಹುಣಸೂರಿನ ಒಂದು ಟಾಕೀಸಿನಲ್ಲಿ ಬೆಳಗಿನ ಒಂದು ಆಟವನ್ನು ಗೊತ್ತುಮಾಡಿದೆವು. ಚಿತ್ರದಲ್ಲಿ ನೆರವಾದ ಹಳ್ಳಿಯವರನ್ನೆಲ್ಲ ಕರೆದಿದ್ದೆ. ಚಿಕ್ಕತಾಯಮ್ಮ ಹಸಿರು ಅಂಚಿನ ಹೊಸ ಸೀರೆ ಉಟ್ಟು, ಎರಡು ಮೊಳ ಹೂ ಮುಡಿದು ಬಂದಿದ್ದರು. ದನಿ ಬದಲಾಯಿಸಿದ್ದನ್ನು ನಾನು ಅವರಿಗೆ ತಿಳಿಸಿರಲಿಲ್ಲ. ಬಂದಾಗ ಹೇಳೋಣ ಎಂದುಕೊಂಡಿದ್ದೆ. ಅವರು ನನ್ನ ಕೈ ಹಿಡಿದು, “ಬಂದವ್ಳೆ ಮೇಡಂ,” ಎಂದು ಪಿಸುಗುಟ್ಟಿದರು. ದೊಡ್ಡತಾಯಮ್ಮ ಕೋಟೆಯಿಂದ ಬೆಳಗಿನ ಬಸ್ಸಿಗೆ ಬಂದು ಒಳಗೆ ಕೂತಿದ್ದರು. ಯಾರೋ ನೆಂಟರು, ತಂಗಿ ಸಿನಿಮಾದಲ್ಲಿ ಬರುತ್ತಾಳೆ ಎಂದು ಹೇಳಿ ಒಪ್ಪಿಸಿ ಕರೆತಂದಿದ್ದರು. ಆಗಲೂ ನಾನು ದನಿಯ ವಿಷಯ ಹೇಳಲಿಲ್ಲ. ಗಂಟೆ ಹೊಡೆಯಿತು.

ನಾನು ಅವರಿಬ್ಬರಿಗಿಂತ ಎರಡು ಸಾಲು ಹಿಂದೆ ಕೂತಿದ್ದೆ. ಅಕ್ಕ ಒಂದು ತುದಿ, ತಂಗಿ ಒಂದು ತುದಿ. ಚಿಕ್ಕತಾಯಮ್ಮ ಪರದೆಯ ಮೇಲೆ ಮೊದಲ ಬಾರಿ ಬಾಯಿ ತೆರೆದಾಗ ಊರಿನವರು ನಕ್ಕರು. “ಏನ್ಲಾ, ಚಿಕ್ಕತಾಯಕ್ಕ ಬೆಂಗ್ಳೂರೋಳಂಗೆ ಮಾತಾಡ್ತದೆ,” ಎಂದು ಯಾರೋ ಅಂದರು. ಚಿಕ್ಕತಾಯಮ್ಮ ತಿರುಗಿ ನನ್ನನ್ನು ನೋಡಿದರು. ಆಮೇಲೆ ತಿರುಗಲಿಲ್ಲ. ಬಾಗಿಲ ದೃಶ್ಯ ಬಂದಾಗ ನಾನು ಪರದೆಯನ್ನು ನೋಡದೆ ದೊಡ್ಡತಾಯಮ್ಮನ ಬೆನ್ನನ್ನು ನೋಡುತ್ತಿದ್ದೆ. ಅವರು ಎದ್ದುಹೋಗಲಿಲ್ಲ. ಕೂತು ಕೇಳಿದರು.

ಆಟ ಬಿಟ್ಟಾಗ ಗೇಟಿನ ಬಳಿ ಇಬ್ಬರೂ ನಿಂತಿದ್ದರು, ನಡುವೆ ಹತ್ತು ಅಡಿ. ನಾನು ಹೋಗಿ ನಡುವೆ ನಿಂತೆ. ದೊಡ್ಡತಾಯಮ್ಮ ತಂಗಿಗಿಂತ ತೆಳ್ಳಗೆ, ಎತ್ತರ. ನನ್ನ ಮುಖ ನೋಡಿ ಹೇಳಿದರು:

“ನೀನೇನವ್ವ ಮಾಡ್ಸಿದ್ದು? ಮುಸುಡಿ ನಮ್ಮೋಳ್ದು, ದನಿ ಯಾರ್ದು? ಕೇಳವ್ವ ಅವ್ಳ್ನ. ನನ್ನ ಅಷ್ಟು ದೂರ್ದಿಂದ ಕರ್ಸಿದ್ದು ಬಾಡಿಗೆ ದನಿ ಕೇಳ್ಸಕ್ಕಾ ಅಂತ.”

ಚಿಕ್ಕತಾಯಮ್ಮನೂ ನನ್ನನ್ನೇ ನೋಡಿ ಹೇಳಿದರು: “ಯೋಳಿ ಮೇಡಂ ಅವ್ಳ್ಗೆ. ನಾನು ಅವತ್ತು ಏನಂದೆ ಅಂತ ನೀವೇ ಯೋಳಿ. ಬರ್ಕೊಂಡಿದ್ರಲ್ಲ.”

ಬರೆದುಕೊಂಡಿದ್ದ ನೋಟ್‌ಬುಕ್ ನನ್ನ ಹೆಗಲ ಚೀಲದಲ್ಲೇ ಇತ್ತು. ಹತ್ತು ವರ್ಷದ ಮೇಲೆ ಅವರಿಬ್ಬರೂ ಒಬ್ಬಳೇ ಹೆಂಗಸಿನ ಮುಂದೆ ನಿಂತು, ಆ ವಿಷಯದ ಬಗ್ಗೆ, ಮೂರನೆಯವಳ ಮೂಲಕವಾದರೂ, ಮಾತಾಡುತ್ತಿದ್ದರು. ನಾನು ಬಾಯಿ ತೆರೆದು ನಾಲ್ಕು ವಾಕ್ಯ ಹೇಳಿದರೆ ಸಾಕಿತ್ತು. ಸುತ್ತ ಜನ ಇದ್ದರು. ನಿರ್ಮಾಪಕರು ಪಕ್ಕಕ್ಕೆ ಬಂದು ನಿಂತಿದ್ದರು. ಚಿಕ್ಕತಾಯಮ್ಮನ ಮಾತನ್ನು ಬದಲಾಯಿಸಿದ್ದು ಊರಿನವರ ಮುಂದೆ ಬಯಲಾಗುತ್ತದೆ ಅನ್ನಿಸಿತು. ನನಗೆ ಗಟ್ಟಿಯಾಗಿ ಮಾತಾಡುವುದು ಯಾವಾಗಲೂ ಕಷ್ಟ. ಇವೆಲ್ಲ ಕಾರಣಗಳೇ, ಒಂದೂ ಸಾಲದು. ನಾನು ಹೇಳಿದ್ದು ಇಷ್ಟು: “ಅದು ಡಬ್ಬಿಂಗ್ ಅಂತ ಇರುತ್ತೆ ಅಮ್ಮ. ಎಲ್ಲ ಸಿನಿಮಾದಲ್ಲೂ ಹಾಗೇ ಮಾಡೋದು.”

ದೊಡ್ಡತಾಯಮ್ಮ ಗೇಟಿನ ಕಂಬಕ್ಕೆ, “ಬಸ್ಸಿಗೊತ್ತಾಯ್ತು,” ಎಂದು ಹೇಳಿ ಹೊರಟರು.

ಚಿಕ್ಕತಾಯಮ್ಮನ ಜೊತೆ ಬಸ್‌ ನಿಲ್ದಾಣದವರೆಗೆ ನಡೆದೆ. ತಪ್ಪಾಯಿತು ಎಂದೆ. ಆರು ದಿನ ಕಾಯಬೇಕಿತ್ತು ಎಂದೆ. ಅವರು ಪಿರಿಯಾಪಟ್ಟಣದ ಬಸ್ಸು ಬಂದಾಗ ಮೆಟ್ಟಿಲ ಮೇಲೆ ಕಾಲಿಟ್ಟು, “ಬುಡಿ ಮೇಡಂ. ನಿಮ್ಗೂ ಬ್ಯಾರನ್ ಬುಟ್ಟು ಬರಕ್ಕಾಗ್ನಿಲ್ಲ,” ಎಂದರು. ಅದರಲ್ಲಿ ಕೊಂಕಿರಲಿಲ್ಲ. ಇದ್ದಿದ್ದರೆ ನನಗೆ ಸುಲಭವಾಗುತ್ತಿತ್ತು.

ಆ ಚಿತ್ರಕ್ಕೆ ಒಳ್ಳೆಯ ಮಾತು ಬಂತು. ಒಬ್ಬ ವಿಮರ್ಶಕರು ಬಾಗಿಲ ದೃಶ್ಯದ ದನಿಯನ್ನೇ ಹೊಗಳಿ ಬರೆದರು.

ಎರಡನೆಯ ಚಿತ್ರದಲ್ಲಿ ತಪ್ಪನ್ನು ತಿದ್ದಲು ಹೋಗಿ ಬೇರೆ ತಪ್ಪು ಮಾಡಿದೆ. ಹುಣಸೂರು ಕಡೆಯ ಹಳ್ಳಿಯವರನ್ನೇ ಆರಿಸಿ, ಪ್ರತಿಯೊಬ್ಬರೂ ಬೆಂಗಳೂರಿಗೆ ಬಂದು ತಮ್ಮ ದನಿಯನ್ನು ತಾವೇ ಕೊಡಬೇಕು ಎಂದು ಹಟ ಮಾಡಿದೆ. ಬಂದರು. ಕತ್ತಲೆ ಕೋಣೆಯಲ್ಲಿ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು, ಶಾಲೆಯ ಮಕ್ಕಳು ಪಾಠ ಒಪ್ಪಿಸುವಂತೆ ಆಡಿದರು. ಜಗಲಿಯಲ್ಲಿ ಜೀವಂತವಾಗಿದ್ದ ಮಾತು ಅಲ್ಲಿ ಒಣಗಿಹೋಯಿತು. ಚಿತ್ರ ಮೂರು ದಿನವೂ ಓಡಲಿಲ್ಲ. ದನಿ ಅವರದೇ ಆದರೆ ಸಾಲದು, ಅದು ಆ ಗಳಿಗೆಯದ್ದೇ ಆಗಿರಬೇಕು. ಇದನ್ನು ಕಲಿಯಲು ಒಂದು ಇಡೀ ಚಿತ್ರ ಬೇಕಾಯಿತು.

ಮೂರನೆಯ ಚಿತ್ರದ ಹೊತ್ತಿಗೆ ಸದ್ದು ಮಾಡದ ಕ್ಯಾಮೆರಾಗಳು ಕೈಗೆಟುಕುವಂತಾಗಿದ್ದವು. ಚಿತ್ರೀಕರಣದ ಜಾಗದಲ್ಲೇ ದನಿ ಹಿಡಿಯುವುದೆಂದು ತೀರ್ಮಾನಿಸಿದೆ. ಕೇಳಲು ಸುಲಭ. ಹಳ್ಳಿಯಲ್ಲಿ ಒಂದು ನಿಮಿಷದ ನಿಶ್ಶಬ್ದ ಸಿಗಬೇಕಾದರೆ ಕೋಳಿ, ಟ್ರ್ಯಾಕ್ಟರ್, ಹಾಲಿನ ವ್ಯಾನು ಎಲ್ಲರನ್ನೂ ಬೇಡಿಕೊಳ್ಳಬೇಕು. ಪಿರಿಯಾಪಟ್ಟಣದ ಹತ್ತಿರ ಒಂದು ಹಿಟ್ಟಿನ ಮಿಲ್ಲಿನವರ ಬಳಿ ಅರ್ಧ ಗಂಟೆ ಮಿಲ್ ನಿಲ್ಲಿಸಿ ಎಂದು ಕೇಳಲು ನಾನೇ ಹೋದೆ.

“ನಿಮ್ ಸಿನ್ಮಾ ನಿಂತ್ರೆ ಯಾರ್ ಮನೇಲೂ ಒಲೆ ಆರಲ್ಲ ಕಣ್ರೀ ಮೇಡಂ. ನನ್ ಮಿಲ್ ನಿಂತ್ರೆ ಈ ಬೀದೀಗೆಲ್ಲ ಮುದ್ದೆ ಇಲ್ಲ. ನೀವೇ ಯೋಳಿ, ಯಾವ್ದ್ ನಿಲ್ಲುಸ್ಲಿ?” ಎಂದರು ಅವರು. ಅವರ ರಾಗಿ ಬೀಸಿ ಮುಗಿಯುವವರೆಗೆ ಕಾದೆವು. ಕಾಯುವುದನ್ನು ಆ ಹೊತ್ತಿಗೆ ಕಲಿತಿದ್ದೆ.

ಆ ಚಿತ್ರದಲ್ಲಿ ಒಂದು ಅಜ್ಜಿಯ ಪಾತ್ರವಿತ್ತು. ಅದನ್ನು ಚಿಕ್ಕತಾಯಮ್ಮನಿಗೆಂದೇ ಬರೆದಿದ್ದೆ. ಈ ಸಲ ನಿಮ್ಮ ದನಿ ಅಲ್ಲೇ, ಆಗಲೇ ಹಿಡಿಯುತ್ತೇವೆ ಎಂದು ಹೇಳಲು ರಾವಂದೂರಿನ ಬಸ್ಸು ಹತ್ತಿದೆ. ಅವರ ಸೊಸೆ ನೀರು ಕೊಟ್ಟು, ಅತ್ತೆ ತೀರಿಕೊಂಡು ಎಂಟು ತಿಂಗಳಾಯಿತು ಎಂದಳು. ಜ್ವರ ಬಂತು, ನಾಲ್ಕು ದಿನದಲ್ಲಿ ಹೋದರು. ದೊಡ್ಡತಾಯಮ್ಮ ಬಂದಿದ್ದರೇ ಎಂದು ಕೇಳಿದೆ.

“ಬಂದಿದ್ರು. ಆಗ್ಲೇ ಮಾತು ನಿಂತೋಗಿತ್ತು ನಮ್ಮತ್ತೆಗೆ. ಅವ್ರು ಪಕ್ಕದಲ್ಲಿ ಕೂತಿದ್ರು. ಏನೂ ಆಡ್ನಿಲ್ಲ.”

ಆ ಪಾತ್ರವನ್ನು ಬೇರೆಯವರಿಂದ ಮಾಡಿಸಿದೆ. ಅವರು ಚೆನ್ನಾಗಿಯೇ ಮಾಡಿದರು. ಕಾಕನಕೋಟೆಯ ಕಾಡಂಚಿನಲ್ಲಿ, ಅಂತರಸಂತೆಯಿಂದ ಅಷ್ಟೇನೂ ದೂರವಲ್ಲದ ಜಾಗದಲ್ಲಿ, ಹನ್ನೆರಡು ದಿನ ಚಿತ್ರೀಕರಣ ನಡೆಯಿತು. ಆ ಹನ್ನೆರಡು ದಿನದಲ್ಲಿ ದೊಡ್ಡತಾಯಮ್ಮನ ಊರಿಗೆ ನಾನು ಹೋಗಲಿಲ್ಲ. ಕೆಲಸವಿತ್ತು. ಚಿತ್ರ ಮುಗಿಸಿದೆ, ಆಮೇಲೆ ಎರಡು ವರ್ಷ ಮುಂದಿನ ಕಥೆ ಎಂದು ಏನೇನೋ ಬರೆದೆ. ಪ್ರತಿ ಕಥೆಯಲ್ಲೂ ಯಾರೋ ಒಬ್ಬರು ಯಾರದೋ ಬಾಗಿಲಿಗೆ ಬಂದು ನಿಲ್ಲುತ್ತಿದ್ದರು. ಅವರಿಂದ ಏನು ಹೇಳಿಸುವುದಕ್ಕೂ ನನಗೆ ಮನಸ್ಸು ಬರಲಿಲ್ಲ. ಸಿನಿಮಾ ಬಿಟ್ಟದ್ದು ಹೀಗೆ. ಯಾರೂ ನನ್ನನ್ನು ಬಿಡಿಸಲಿಲ್ಲ.

ಬಿಟ್ಟ ಮೇಲೆ ಮೊದಲು ಮಾಡಿದ ಕೆಲಸ, ಐದನೆಯ ನೋಟ್‌ಬುಕ್ ಹಿಡಿದು ಎಚ್.ಡಿ. ಕೋಟೆಯ ಬಸ್ಸು ಹತ್ತಿದ್ದು. ಆ ಟೇಕ್ ತೆಗೆದು ಆಗ ಒಂಬತ್ತು ವರ್ಷ.

ದೊಡ್ಡತಾಯಮ್ಮ ಜಗಲಿಯಲ್ಲಿ ಮೊರ ಹಿಡಿದು ಹುರುಳಿ ಕೇರುತ್ತಿದ್ದರು. ಗುರುತು ಹಿಡಿದರು. ಬೈಯಲಿಲ್ಲ. ಚೆಂಬಿನಲ್ಲಿ ನೀರು ತಂದುಕೊಟ್ಟು ಮತ್ತೆ ಮೊರ ಎತ್ತಿಕೊಂಡರು. ನಾನು ಅಂದು ಟಾಕೀಸಿನ ಗೇಟಿನಲ್ಲಿ ಹೇಳಬೇಕಿದ್ದದ್ದನ್ನು ಹೇಳಿದೆ: ಆ ದನಿ ಬಾಡಿಗೆಯದು, ಮಾತೂ ಬಾಡಿಗೆಯದು, ಎರಡನ್ನೂ ಬದಲಾಯಿಸಿದವಳು ನಾನು, ನಿಮ್ಮ ತಂಗಿ ಆಡಿದ ಮಾತು ಇದರಲ್ಲಿದೆ. ನೋಟ್‌ಬುಕ್ ತೆರೆದು ಓದಿದೆ. ನನ್ನ ದನಿಯಲ್ಲಿ ಅದು ಯಾವುದೋ ಹೇಳಿಕೆಯಂತೆ ಕೇಳಿಸಿತು.

ಮೊರ ನಿಂತಿತು. ಅವರು ಎದ್ದು ಕೊಟ್ಟಿಗೆಗೆ ಹೋಗುತ್ತಾರೆ ಎಂದುಕೊಂಡೆ.

“ಇನ್ನೊಂದಪ ಓದವ್ವ.”

ಓದಿದೆ.

“ಅವ್ವ ನನ್ನೆಸ್ರು ಕರೀತಿದ್ಲಾ?”

“ಹಾಗಂತ ಹೇಳಿದರು.”

“ನಂಗ್ಯಾರೂ ಯೋಳ್ನಿಲ್ಲ. ನನ್ನ ಮರ್ತೇ ಕಣ್ಮುಚ್ಚುದ್ಲು ಅಂದ್ಕಂಡಿದ್ದೆ.” ಅವರು ಮೊರವನ್ನು ಕೆಳಗಿಟ್ಟರು. “ನೀನು ಓದದು ಸರಿಯಿಲ್ಲ ಬುಡು. ಅವ್ಳು ಅಂಗನ್ನಲ್ಲ.” ಹೊಸ್ತಿಲನ್ನು ನೋಡುತ್ತಾ, ತಮಗೇ ಹೇಳಿಕೊಳ್ಳುವಂತೆ ಹೇಳಿದರು: “ಅಕ್ಕಾ, ಅವ್ವ ನಿನ್ನೆಸ್ರನ್ನೇ ಕರೀತಿದ್ಲು ಕಣಕ್ಕ.”

ಅದೇ ಕೆಳಮಟ್ಟದ, ಸ್ವಲ್ಪ ಒರಟಾದ ದನಿ. ಕೊನೆಯ ಪದವನ್ನು ನುಂಗಿದಂತೆ ಆಡುವ ರೀತಿಯೂ ಅದೇ. ಅಕ್ಕತಂಗಿಯರ ದನಿ ಒಂದೇ ಆಗಿತ್ತು. ಅಂದು ಸ್ಟುಡಿಯೋದಲ್ಲಿ ಬೇರೆ ದನಿ ಹುಡುಕಿದ ನನಗೆ ಅದು ಗೊತ್ತೇ ಇರಲಿಲ್ಲ.

ದೊಡ್ಡತಾಯಮ್ಮ ಕಣ್ಣೊರೆಸಿಕೊಂಡು ಮೊರ ಎತ್ತಿಕೊಂಡರು. ನಾನು ಹೊರಡಲು ಎದ್ದೆ. ಅವರು ನನ್ನ ಮುಖ ನೋಡಿ, ಟಾಕೀಸಿನ ಗೇಟಿನಲ್ಲಿ ನೋಡಿದಂತೆಯೇ ನೋಡಿ, ಹೇಳಿದರು:

“ಅವ್ಳ್ಗೆ ಯೋಳವ್ವ, ಕೇಳುಸ್ತು ಅಂತ.”

ಹೇಳುತ್ತೇನೆ ಎಂದೆ. ಬಸ್ಸಿನಲ್ಲಿ ಕೂತು ನೋಟ್‌ಬುಕ್ ತೆರೆದು, ಆ ಟೇಕಿನ ಬಲಗಡೆ ಖಾಲಿ ಬಿಟ್ಟಿದ್ದ ಜಾಗದಲ್ಲಿ ಅದನ್ನು ಅವರು ಆಡಿದಂತೆಯೇ ಬರೆದೆ.